ಅತ್ತಿಗೆಯ ಯಥಾಸ್ಥಿತಿ

ಅತ್ತಿಗೆ ವಯಸ್ಸಿನಲ್ಲಿ ನನಗಿಂತ ಚಿಕ್ಕವಳು, ಸಂಬಂಧದಲ್ಲಿ ದೊಡ್ಡವಳು. ನನ್ನ ಅಣ್ಣನ ಹೆಂಡತಿ. ಹಾಗಾಗಿ ಕರೆಯುವಾಗ ಅತ್ತಿಗೆ, ಬೈಯುವಾಗ ನೀನು. ಅವಳು ನನ್ನನ್ನು ಅಕ್ಕ ಎನ್ನುತ್ತಾಳೆ, ಬೈಸಿಕೊಂಡರೂ ನಗುತ್ತಾಳೆ. ಅಣ್ಣ ತೀರಿಕೊಂಡ ಮೇಲೆ ನಾವೆಲ್ಲ ಒಂದೇ ಮನೆಯಲ್ಲಿದ್ದೇವೆ. ಮುಂದಿನ ಕೋಣೆಯಲ್ಲಿ ನನ್ನ ಹೊಲಿಗೆ ಮಿಷನ್ನು, ಹಿಂದಿನ ಕೋಣೆಯಲ್ಲಿ ಅವಳ ಮಂಚ, ನಡುವೆ ನಮ್ಮ ಮನೆಯವರು ಮತ್ತು ಅವರ ಪೇಪರು. ನಮ್ಮ ಮನೆಯವರು ಬಸ್ ಕಂಡಕ್ಟರ್ ಆಗಿ ನಿವೃತ್ತರಾದವರು. ಅವರ ಕೆಲಸ ಪೇಪರು ಓದುವುದು, ನನ್ನ ಕೆಲಸ ಶಾಲೆ ಮಕ್ಕಳ ಯೂನಿಫಾರಂ ಹೊಲಿಯುವುದು, ಅತ್ತಿಗೆಯ ಕೆಲಸ ರೈಲ್ವೆ ಸ್ಟೇಷನ್ನಿನ ಟೀ ಸ್ಟಾಲಿನಲ್ಲಿ ನಿಲ್ಲುವುದು. ಸ್ಟಾಲ್ ನಡೆಸುವುದು ಎಂದು ಬರೆಯಬಹುದಿತ್ತು. ಆದರೆ ಸುಳ್ಳು ಯಾಕೆ ಬರೆಯಲಿ? ಅವಳು ಬರೀ ನಿಲ್ಲುತ್ತಾಳೆ. ಅದು ಹೇಗೆ ಎಂದು ತಿಳಿಯಬೇಕಾದರೆ ಮೊದಲಿನಿಂದ ಹೇಳಬೇಕು.

ಸ್ಟಾಲ್ ಮೊದಲು ಅಣ್ಣನ ಹೆಸರಿನಲ್ಲಿತ್ತು. ಒಂದನೇ ಪ್ಲಾಟ್‌ಫಾರಂನ ಕೊನೆಯಲ್ಲಿ, ಕುಡಿಯುವ ನೀರಿನ ನಲ್ಲಿಗಳ ಪಕ್ಕ, ಹಸಿರು ಬಣ್ಣ ಹೊಡೆದ ತಗಡಿನ ಗೂಡು. ಮುಂದೆ ಕರಿಕಲ್ಲಿನ ಕಟ್ಟೆ, ಅದರ ಮೇಲೆ ಬಿಸ್ಕತ್ತಿನ ಗಾಜಿನ ಡಬ್ಬಿಗಳು, ಬನ್ನಿನ ತಟ್ಟೆ. ಹಿಂದೆ ಎರಡು ಉರಿಯ ಇದ್ದಿಲ ಒಲೆ, ಅದರಾಚೆ ಗೋಡೆ. ನಡುವಿನ ಜಾಗದಲ್ಲಿ ಒಬ್ಬರು ನಿಂತರೆ ಇನ್ನೊಬ್ಬರು ಹೊರಗೇ ಕಾಯಬೇಕು. ನನ್ನಂಥ ದಪ್ಪ ಹೆಂಗಸು ಒಳಗೆ ಹೋದರೆ ತಿರುಗುವುದಕ್ಕೂ ಯೋಚನೆ ಮಾಡಬೇಕು. ರೈಲ್ವೆಯವರು ಕೆಲವು ವರ್ಷಕ್ಕೆಂದು ಲೈಸೆನ್ಸ್ ಕೊಡುತ್ತಿದ್ದರು. ಅವಧಿ ಮುಗಿಯುವಾಗ ಅಣ್ಣ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ದೊಡ್ಡ ಆಫೀಸಿಗೆ ಹೋಗಿ, ಸಹಿ ಹಾಕಿ, ಮತ್ತೆ ಕೆಲವು ವರ್ಷ ಮುಂದುವರಿಸಿಕೊಂಡು ಬರುತ್ತಿದ್ದ. ಕೂದಲು ಬೆಳೆದಾಗ ಕ್ಷೌರಕ್ಕೆ ಹೋಗುವಷ್ಟೇ ಸಲೀಸಾಗಿ ಹೋಗಿ ಬರುತ್ತಿದ್ದ. ಒಂದು ಸಲ ಅವರು ಇಲ್ಲ ಎನ್ನಬಹುದು ಎಂಬುದು ಅವನ ತಲೆಗೆ ಬಂದೇ ಇರಲಿಲ್ಲ. ಬರುವ ಮೊದಲೇ ಅವನು ಹೋಗಿಬಿಟ್ಟ. ಉಳಿದ ಅವಧಿಗೆ ಲೈಸೆನ್ಸನ್ನು ಅತ್ತಿಗೆಯ ಹೆಸರಿಗೆ ಬರೆದುಕೊಟ್ಟರು.

ಅತ್ತಿಗೆ ಆ ಕೆಲಸವನ್ನು ಎಷ್ಟು ಚೆನ್ನಾಗಿ ಕಲಿತಳೆಂದರೆ ನನಗೇ ಹೊಟ್ಟೆಕಿಚ್ಚಾಗುತ್ತಿತ್ತು. ರೈಲು ಬಂದು ನಿಲ್ಲುವ ಸದ್ದಿಗೆ ಸರಿಯಾಗಿ ಟೀ ಕುದಿಯುತ್ತಿರುತ್ತಿತ್ತು. ಒಂದು ಕೈಯಲ್ಲಿ ಕೆಟಲ್ಲು, ಇನ್ನೊಂದು ಕೈಯ ಬೆರಳ ಸಂದಿಗಳಲ್ಲಿ ಲೋಟಗಳು, ಕಿಟಕಿಯಿಂದ ಕಿಟಕಿಗೆ ಓಟ. ರೈಲು ಹೊರಟ ಮೇಲೂ ಪಕ್ಕದಲ್ಲೇ ಓಡಿ ಚಿಲ್ಲರೆ ಕೊಟ್ಟು ಬರುತ್ತಿದ್ದಳು. "ಬಿದ್ದುಗಿದ್ದೀಯೆ ಕಣೇ, ಚಿಲ್ಲರೆ ಹೋದ್ರೆ ಅವರದ್ದು, ಕಾಲು ಹೋದ್ರೆ ನಿನ್ನದು" ಎಂದು ನಾನು ಕೂಗಿಕೊಳ್ಳುತ್ತಿದ್ದೆ. ಅವಳು ಕಿವಿಗೇ ಹಾಕಿಕೊಳ್ಳುತ್ತಿರಲಿಲ್ಲ. ಮನೆಗೆ ಬಂದಾಗ ಮೈಯೆಲ್ಲ ಹಾಲು, ಏಲಕ್ಕಿ, ಇದ್ದಿಲ ಹೊಗೆಯ ವಾಸನೆ. ಆಗ ಅವಳು ಸುಖವಾಗಿದ್ದಳು, ಅದನ್ನು ನಾನು ಕಣ್ಣಾರೆ ನೋಡಿದ್ದೇನೆ.

ಅವಧಿ ಮುಗಿಯಿತು. ಅತ್ತಿಗೆ ಒಳ್ಳೆಯ ಸೀರೆ ಉಟ್ಟು ಹೋದಳು, ಕೈಬೀಸಿಕೊಂಡು ವಾಪಸ್ ಬಂದಳು. ಇನ್ನು ಮೇಲೆ ಸಣ್ಣಪುಟ್ಟ ಸ್ಟಾಲುಗಳು ಇರುವುದಿಲ್ಲವಂತೆ, ಎಲ್ಲವನ್ನೂ ಸೇರಿಸಿ ಒಬ್ಬ ದೊಡ್ಡ ಗುತ್ತಿಗೆದಾರನಿಗೆ ಟೆಂಡರಿನಲ್ಲಿ ಕೊಡುತ್ತಾರಂತೆ. ಖಾಲಿ ಮಾಡಿ ಎಂದು ನೋಟಿಸು ಬಂತು. ಉಳಿದ ಸ್ಟಾಲಿನವರು ಗೊಣಗಿಕೊಂಡು ಪಾತ್ರೆಪಗಡ ಕಟ್ಟಿಕೊಂಡು ಹೋದರು. ನಾನು ಬಿಡಲಿಲ್ಲ. ಔಷಧಿ ಅಂಗಡಿಯ ಮೇಲಿನ ಮಹಡಿಯಲ್ಲಿ ಆಫೀಸು ಇಟ್ಟುಕೊಂಡಿದ್ದ ವಕೀಲರ ಹತ್ತಿರ ಅತ್ತಿಗೆಯನ್ನು ಕರೆದುಕೊಂಡು ಹೋದೆ.

ವಕೀಲರು ಕಡ್ಡಿಯ ಹಾಗಿದ್ದರೂ ದನಿ ಮಾತ್ರ ಡೋಲಿನದು. ನೋಟಿಸು ಓದಿ ಕನ್ನಡಕ ತೆಗೆದರು.

"ನೋಡಿಮ್ಮಾ, ಬಾಡಿಗೆದಾರ ಬೇರೆ, ಲೈಸೆನ್ಸುದಾರ ಬೇರೆ. ಬಾಡಿಗೆಗೆ ಇರೋನಿಗೆ ಜಾಗದ ಮೇಲೆ ಒಂದಿಷ್ಟು ಹಕ್ಕಿರುತ್ತೆ. ಲೈಸೆನ್ಸು ಅಂದ್ರೆ ಬರೀ ಅನುಮತಿ. ಬನ್ನಿ, ಕೂತ್ಕೊಳ್ಳಿ, ಮಾರ್ಕೊಳ್ಳಿ ಅಂತ. ಅವಧಿ ಮುಗೀತು, ಏಳಿ ಅಂದ್ರೆ ಏಳ್ಬೇಕು."

"ಹಾಗಾದ್ರೆ ಕೇಸು ಯಾತಕ್ಕೆ ಸಾರ್? ಎದ್ದು ಮನೆಗೆ ಹೋಗ್ತೀವಿ" ಎಂದೆ ನಾನು. ನನಗೆ ಅಲ್ಲೇ ಸಿಟ್ಟು ಬಂದಿತ್ತು.

"ಅಲ್ಲೇ ಇರೋದು ಪ್ರಶ್ನೆ!" ವಕೀಲರು ಮೇಜು ಕುಟ್ಟಿದರು. "ಪ್ರತಿ ಸಲ ಮುಂದುವರಿಸ್ತಾ ಬಂದ್ರಲ್ಲ, ಈ ಸಲವೂ ಮುಂದುವರಿಸ್ತಾರೆ ಅಂತ ಇವರು ನಂಬಿದ್ರಲ್ಲ, ಆ ನಂಬಿಕೆಗೆ ಕಾನೂನಲ್ಲಿ ಬೆಲೆ ಇದೆಯಾ ಇಲ್ವಾ? ಅವಧಿ ಮುಗಿದ ಮೇಲೂ ಲೈಸೆನ್ಸುದಾರರಿಗೆ ಏನಾದ್ರೂ ಒಂದು ಹಕ್ಕು ಉಳಿಯುತ್ತಾ? ಇದನ್ನ ಸರಿಯಾಗಿ ಕೇಳಿದೋರೇ ಇಲ್ಲ. ನಾನು ಕೇಳ್ತೀನಿ. ನೀವು ಫೀಸಿನ ಚಿಂತೆ ಮಾಡಬೇಡಿ."

ಫೀಸಿನ ಚಿಂತೆ ಮಾಡಬೇಡಿ ಎನ್ನುವ ವಕೀಲರನ್ನು ನಾವು ಅಂದೇ ಅನುಮಾನಿಸಬೇಕಿತ್ತು. ಪುಣ್ಯಾತ್ಮರಿಗೆ ಬೇಕಾಗಿದ್ದದ್ದು ಆ ಪ್ರಶ್ನೆ, ಅತ್ತಿಗೆ ಅಲ್ಲ. ಆದರೆ ಕೆಟ್ಟವರಲ್ಲ. ಹಗಲು ರಾತ್ರಿ ಕೂತು ಓದಿದರು, ನಿಂತು ವಾದಿಸಿದರು, ಕೋರ್ಟಿನಿಂದ ಸ್ಟೇ ತಂದರು. ಕೇಸು ಮುಗಿಯುವವರೆಗೂ ಯಥಾಸ್ಥಿತಿ ಕಾಪಾಡಬೇಕು ಎಂದು ಅದರಲ್ಲಿ ಬರೆದಿತ್ತು. ಇದ್ದದ್ದು ಇದ್ದ ಹಾಗೇ ಇರಬೇಕು, ರೈಲ್ವೆಯವರು ಅತ್ತಿಗೆಯನ್ನು ಎಬ್ಬಿಸುವ ಹಾಗಿಲ್ಲ. ನಾನು ಅಕ್ಕಪಕ್ಕದ ಮನೆಗಳಿಗೆಲ್ಲ ಸಿಹಿ ಹಂಚಿದೆ. ಅತ್ತಿಗೆ ನನ್ನನ್ನು ತಬ್ಬಿಕೊಂಡು ಅತ್ತಳು. ನಮ್ಮ ಮನೆಯವರು ಕೂಡ ಪೇಪರು ಮಡಚಿಟ್ಟರು ಅಂದರೆ ನೀವೇ ಲೆಕ್ಕ ಹಾಕಿ.

ಸಿಹಿಯ ಡಬ್ಬಿ ಖಾಲಿಯಾಗುವ ಮೊದಲೇ ವಕೀಲರು ಕರೆಸಿ ಹೇಳಿದರು. ಸ್ಟಾಲನ್ನು ಒಂದು ದಿನವೂ ಮುಚ್ಚಬಾರದು, ಮುಚ್ಚಿದರೆ ತಾನಾಗಿಯೇ ಬಿಟ್ಟುಹೋದಳು ಎಂದು ರೈಲ್ವೆಯವರು ಬೀಗ ಜಡಿಯುತ್ತಾರೆ. ಬೇರೆಯವರ ಕೈಗೆ ಒಪ್ಪಿಸಬಾರದು, ಅವಳೇ ನಡೆಸಬೇಕು. ಅಗತ್ಯ ಬಿದ್ದರೆ ಮನೆಯವರು ಸ್ವಲ್ಪ ಹೊತ್ತು ನಿಲ್ಲಬಹುದು, ಅಷ್ಟೆ. ಬೇರೆ ಕಡೆ ಕೆಲಸಕ್ಕೆ ಸೇರಬಾರದು, ಯಾಕೆಂದರೆ ಇದೊಂದೇ ನನ್ನ ಜೀವನೋಪಾಯ ಎಂದು ಕೋರ್ಟಿಗೆ ಅಫಿಡವಿಟ್ ಕೊಟ್ಟಾಗಿದೆ. ಅತ್ತಿಗೆ ಎಲ್ಲಕ್ಕೂ ತಲೆಯಾಡಿಸಿದಳು. ಅಲ್ಲಿಯವರೆಗೂ ಅವಳು ಮಾಡುತ್ತಿದ್ದದ್ದು ಅದನ್ನೇ ತಾನೇ, ಅದರಲ್ಲಿ ಕಷ್ಟ ಏನಿದೆ ಎಂದುಕೊಂಡೆವು.

ಕಷ್ಟ ಏನೆಂದು ಮೊದಲ ಮಳೆಗೇ ಗೊತ್ತಾಯಿತು. ಸ್ಟಾಲಿನ ಮೇಲಿನ ತಗಡು ತೂತಾಗಿ ಒಲೆಯ ಮೇಲೆ ನೀರು ಸೋರಿತು. ನಮ್ಮ ಮನೆಯವರು ಹೊಸ ತಗಡು ತಂದು ಹಾಕಿಸಿದರು. ಮರುವಾರವೇ ಯಥಾಸ್ಥಿತಿ ಉಲ್ಲಂಘನೆ ಎಂದು ನೋಟಿಸು. ವಕೀಲರು ಕೈಮುಗಿದು, "ಮಹಾರಾಯ್ರೇ, ಒಂದು ಮೊಳೆನೂ ಹೊಡೀಬೇಡಿ" ಎಂದರು. ಹೊಸ ತಗಡು ಕಿತ್ತು ಹಳೆಯ ತೂತಿನ ತಗಡನ್ನೇ ಮತ್ತೆ ಹೊದಿಸಿದೆವು. ಇದ್ದದ್ದು ಇದ್ದ ಹಾಗೇ ಇರಬೇಕಲ್ಲ, ತೂತಿಗೂ ಸ್ಟೇ ಸಿಕ್ಕಿತ್ತು. ಅತ್ತಿಗೆ ಒಲೆಯ ಮೇಲೆ ಕೊಡೆ ಬಿಚ್ಚಿಟ್ಟುಕೊಂಡು ಟೀ ಕಾಸಿದಳು.

ಜ್ವರ ಬಂದರೂ ಹೋಗಬೇಕು. ಅವಳ ಸ್ವಂತ ಅಕ್ಕನ ಮಗಳ ಮದುವೆಗೆ ಹೋಗಲಾಗಲಿಲ್ಲ, ಫೋಟೋ ನೋಡಿ ಸೀರೆಗಳ ಬಗ್ಗೆ ಕೇಳಿದಳು. ಶೌಚಕ್ಕೆ ಹೋಗಬೇಕೆಂದರೆ ನಾನು ಬರುವವರೆಗೂ ಹಲ್ಲು ಕಚ್ಚಿಕೊಂಡು ನಿಂತಿರಬೇಕು. ಸ್ಟೇಷನ್ನಿನ ಆಳು ದಿನಕ್ಕೊಂದು ಸಲ ಆ ಕಡೆ ಬಂದು, ಅವಳಿದ್ದಾಳೋ ಇಲ್ಲವೋ ಎಂದು ಇಣುಕಿ ಹೋಗುತ್ತಿದ್ದ. ಅವನಿಗೂ ಪಾಪ ಅದೊಂದು ಡ್ಯೂಟಿ. ಅವನಿಗೆ ಅತ್ತಿಗೆ ಟೀ ಕೊಟ್ಟು, "ಇದ್ದೀನಪ್ಪಾ, ಇಲ್ಲೇ ಇದ್ದೀನಿ, ಬರ್ಕೋ" ಎನ್ನುತ್ತಿದ್ದಳು.

ಆಮೇಲೆ ಬಿತ್ತು ನೋಡಿ ನಿಜವಾದ ಪೆಟ್ಟು. ಸ್ಟೇಷನ್ನು ದೊಡ್ಡದಾಯಿತು. ಆ ಕಡೆ ಹೊಸ ಪ್ಲಾಟ್‌ಫಾರಂಗಳು, ಹೊಸ ಮೇಲ್ಸೇತುವೆ, ಹೊಸ ಗುತ್ತಿಗೆದಾರನ ಗಾಜಿನ ಅಂಗಡಿಗಳು. ಜನರ ರೈಲುಗಳೆಲ್ಲ ಆ ಕಡೆಗೆ ಹೋದವು. ನಮ್ಮ ಒಂದನೇ ಪ್ಲಾಟ್‌ಫಾರಂಗೆ ಬಂದು ನಿಂತದ್ದು ಗೂಡ್ಸ್ ಗಾಡಿಗಳು. ನಾನು ರೇಗಿಕೊಂಡು ದೊಡ್ಡ ಆಫೀಸಿನ ಸಾಹೇಬರ ಹತ್ತಿರ ಹೋಗಿ, ಕೋರ್ಟು ಹೇಳಿದ್ದು ಮರೆತುಬಿಟ್ಟಿರಾ ಎಂದು ಕೇಳಿದೆ. ಸಾಹೇಬರು ನಿಧಾನಸ್ಥರು. "ಕೋರ್ಟು ಸ್ಟಾಲಿಗೆ ಸ್ಟೇ ಕೊಟ್ಟಿದೆಯಮ್ಮಾ, ರೈಲಿಗೆ ಕೊಟ್ಟಿಲ್ಲ" ಎಂದರು. ಮುಖಕ್ಕೆ ಹೊಡೆದ ಹಾಗಾಯಿತು. ವಕೀಲರಿಗೆ ಹೇಳಿದರೆ ಅವರೂ ಒಪ್ಪಿಕೊಂಡರು, ರೈಲು ಎಲ್ಲಿ ನಿಲ್ಲಬೇಕೆಂಬುದು ನಮ್ಮ ಪ್ರಶ್ನೆಯಲ್ಲಿ ಬರುವುದಿಲ್ಲವಂತೆ.

ಅಲ್ಲಿಂದ ಶುರುವಾದದ್ದು ಈ ನಿಲ್ಲುವ ಕೆಲಸ. ಮುಂಜಾನೆ ಹೋಗಿ ತಗಡಿನ ಬಾಗಿಲೆತ್ತಿ, ಒಲೆ ಹಚ್ಚಿ, ಟೀ ಕಾಸಿ ಅತ್ತಿಗೆ ನಿಲ್ಲುತ್ತಾಳೆ. ಎದುರಿಗೆ ಸಿಮೆಂಟು ತುಂಬಿದ ವ್ಯಾಗನ್ನುಗಳು. ಸಿಮೆಂಟು ಟೀ ಕುಡಿಯುವುದಿಲ್ಲ. ಹಳಿ ರಿಪೇರಿಯ ನಾಲ್ಕು ಜನ ಬಂದರೆ ಬಂದರು, ಕಸ ಗುಡಿಸುವ ಹೆಂಗಸರು ಬಂದರೆ ಬಂದರು. ಹಾಲು ಒಡೆದು ಚೆಲ್ಲುತ್ತಾಳೆ, ಮತ್ತೆ ಹಾಲು ತರುತ್ತಾಳೆ. ಬನ್ನುಗಳು ಒಣಗಿ ಕಲ್ಲಾದಾಗ ಮನೆಗೆ ತಂದು ನಮಗೇ ಹಾಲಿನಲ್ಲಿ ಅದ್ದಿ ಕೊಡುತ್ತಾಳೆ. ಓಡಿ ಓಡಿ ಗಟ್ಟಿಯಾಗಿದ್ದ ಕಾಲುಗಳು ನಿಂತು ನಿಂತು ಊದಿಕೊಂಡವು. ಮಾತು ಕಡಿಮೆಯಾಯಿತು. ನಾನು ಬೈದರೆ ನಗುತ್ತಿದ್ದವಳು ಈಗ ಬೈದರೆ, "ಏನಂದೆ ಅಕ್ಕ?" ಎಂದು ಕೇಳತೊಡಗಿದಳು. ನನಗೆ ಆ ಸ್ಟಾಲಿಗೆ ಬೆಂಕಿ ಹಚ್ಚಬೇಕೆನಿಸುತ್ತಿತ್ತು. ಹಚ್ಚಿದರೆ ಅದೂ ಯಥಾಸ್ಥಿತಿ ಉಲ್ಲಂಘನೆ.

ಈ ಪಾಳು ಪ್ಲಾಟ್‌ಫಾರಂಗೂ ತಪ್ಪದೆ ಬರುತ್ತಿದ್ದವರು ಒಬ್ಬರೇ, ಆಸ್ಪತ್ರೆಯ ಮೇಟ್ರನ್ನು. ಬಿಳಿ ಸೀರೆ, ಕಪ್ಪು ಕೊಡೆ, ಬಿಗಿದು ಕಟ್ಟಿದ ನರೆತ ಜಡೆ. ಪಕ್ಕದೂರಿನಿಂದ ರೈಲಿನಲ್ಲಿ ಕೆಲಸಕ್ಕೆ ಬರುವವರು. ಆ ಕಡೆ ಇಳಿದರೂ ಮೇಲ್ಸೇತುವೆಯ ಮೆಟ್ಟಿಲು ಹತ್ತಿ ಇಳಿದು ಅತ್ತಿಗೆಯ ಟೀಗೆಂದೇ ಈ ಕಡೆ ಬರುತ್ತಿದ್ದರು. "ಅಲ್ಲಿ ಕೊಡೋದು ಟೀ ಅಲ್ಲಮ್ಮ, ಬಿಸಿನೀರಿಗೆ ಬಣ್ಣ" ಎಂದು ಮೂಗು ಮುರಿಯುತ್ತಿದ್ದರು. ಒಂದು ಬೆಳಿಗ್ಗೆ ಲೋಟ ಕೆಳಗಿಟ್ಟು ಅವರು ಹೇಳಿದ ಮಾತನ್ನು ಅತ್ತಿಗೆ ಮನೆಗೆ ಬಂದು ನನಗೆ ಹೇಳಿದಳು. ಆಸ್ಪತ್ರೆಯ ಅಡುಗೆಮನೆಯ ಮುಖ್ಯಸ್ಥೆ ನಿವೃತ್ತಿಯಾಗುತ್ತಿದ್ದಾಳೆ. ಆ ಜಾಗಕ್ಕೆ ಅತ್ತಿಗೆ ಬರಬೇಕು. ತಿಂಗಳ ಸಂಬಳ, ಇರುವುದಕ್ಕೆ ಕೋಣೆ, ವಾರಕ್ಕೊಂದು ರಜೆ. ತಿಂಗಳು ಮುಗಿಯುವವರೆಗೂ ಬೇರೆ ಯಾರಿಗೂ ಕೊಡದೆ ಮೇಟ್ರನ್ನು ಕಾಯುತ್ತಾರಂತೆ.

"ರಜೆ ಅಕ್ಕ" ಎಂದಳು ಅತ್ತಿಗೆ. "ವಾರಕ್ಕೊಂದು."

ಎಷ್ಟೋ ಕಾಲದ ನಂತರ ಅವಳ ಮುಖದಲ್ಲಿ ಬಣ್ಣ ಕಂಡೆ. ಅಡುಗೆಮನೆ ನೋಡಲು ಅವಳು ಹೋಗುವ ಹಾಗಿರಲಿಲ್ಲ, ಬೇರೆ ಕೆಲಸ ನೋಡುತ್ತಿದ್ದಾಳೆಂದು ಗೊತ್ತಾದರೆ ಅಫಿಡವಿಟ್ಟಿಗೇ ಕುತ್ತು. ಅವಳ ಪರವಾಗಿ ನಾನು ಹೋಗಿ ನೋಡಿ ಬಂದೆ. ಒಂದು ಶಾಲೆಯ ಸಭಾಂಗಣದಷ್ಟು ದೊಡ್ಡ ಅಡುಗೆಮನೆ, ಸ್ಟೀಲಿನ ಕಟ್ಟೆಗಳು, ಆಳೆತ್ತರದ ಕಿಟಕಿಗಳು, ತರಕಾರಿ ಹೆಚ್ಚುತ್ತ ಹರಟೆ ಹೊಡೆಯುವ ಆರೇಳು ಹೆಂಗಸರು. ಹಿಂದೆ ಸಾಲುಕೋಣೆಗಳು, ಪ್ರತಿ ಕೋಣೆಗೂ ಸ್ವಂತ ನಲ್ಲಿ. ನಾನು ಹೇಳುತ್ತಿದ್ದರೆ ಅತ್ತಿಗೆ ಊಟ ಬಿಟ್ಟು ಕೇಳುತ್ತಿದ್ದಳು. ಮರುದಿನ ಮತ್ತೆ ಕೇಳಿದಳು. ಅದರ ಮರುದಿನವೂ ಕೇಳಿದಳು, ಆ ಹೆಂಗಸರು ಏನು ಮಾತಾಡುತ್ತಿದ್ದರು, ನಗುತ್ತಿದ್ದರಾ, ಕೋಣೆಯ ಬಾಗಿಲಿಗೆ ಒಳಗಡೆ ಚಿಲಕ ಇದೆಯಾ ಎಂದೆಲ್ಲ.

"ನೀನು ಹೋಗಿಬಿಡು ಅತ್ತಿಗೆ. ಆ ದರಿದ್ರ ಸ್ಟಾಲನ್ನ ಯಾರ ತಲೆಗಾದ್ರೂ ಕಟ್ಟು" ಎಂದೆ. ಇಬ್ಬರೂ ವಕೀಲರ ಹತ್ತಿರ ಹೋದೆವು. ಅಷ್ಟು ಹೊತ್ತು ನಮ್ಮ ಮನೆಯವರು ಸ್ಟಾಲಿನಲ್ಲಿ ನಿಂತಿದ್ದರು.

ವಕೀಲರು ಕುರ್ಚಿಯಿಂದ ಎದ್ದೇ ಬಿಟ್ಟರು. "ಕೇಸು ವಾಪಸ್ ತಗೊಳ್ಳೋದಾ? ಏನಮ್ಮಾ ಇದು ಹುಡುಗಾಟ! ವಾಪಸ್ ತಗೊಂಡ್ರೆ ಏನಾಗುತ್ತೆ ಗೊತ್ತಾ? ನನಗೆ ಹಕ್ಕಿರಲಿಲ್ಲ ಅಂತ ನೀವೇ ಒಪ್ಪಿಕೊಂಡ ಹಾಗೆ. ಆಗ ಲೈಸೆನ್ಸು ಮುಗಿದ ದಿನದಿಂದ ಇವತ್ತಿನವರೆಗೆ ಅಕ್ರಮವಾಗಿ ಕೂತಿದ್ರಿ ಅಂತ ದಂಡ ಹಾಕ್ತಾರೆ. ಮನೆ ಮಾರಿದ್ರೂ ಸಾಲಲ್ಲ. ತೀರ್ಪು ಬರೋವರೆಗೂ ಅಲ್ಲಾಡಬೇಡಿ."

"ತೀರ್ಪು ಯಾವಾಗ ಬರುತ್ತೆ ಸಾರ್?" ಅತ್ತಿಗೆ ಕೇಳಿದಳು.

"ಬರುತ್ತೆ. ಈ ತಿಂಗಳೇ ಒಂದು ದಿನ ಕೇಸು ಕೂಗ್ತಾರೆ. ತಾಳ್ಮೆ ಇರಲಿ."

ಮೆಟ್ಟಿಲಿಳಿಯುವಾಗ ಅತ್ತಿಗೆ ಗೋಡೆ ಹಿಡಿದುಕೊಂಡು ಇಳಿದಳು. ಇದ್ದರೆ ಸ್ಟಾಲು ಅವಳನ್ನು ತಿಂದುಹಾಕುತ್ತದೆ, ಎದ್ದರೆ ದಂಡ ಮನೆಯನ್ನೇ ನುಂಗುತ್ತದೆ.

ಎರಡು ದಿನ ಕಳೆದ ಮೇಲೆ, ಮಂಡಿ ತೋರಿಸಿಕೊಂಡು ಬರುತ್ತೇನೆ, ಸ್ವಲ್ಪ ನಿಂತಿರು ಎಂದು ಅತ್ತಿಗೆ ನನ್ನನ್ನು ಸ್ಟಾಲಿನಲ್ಲಿ ನಿಲ್ಲಿಸಿ ಹೋದಳು. ವಾಪಸ್ ಬಂದವಳ ನಡಿಗೆಯೇ ಬೇರೆ. ಮಂಡಿಗೆ ಅಷ್ಟು ಬೇಗ ಹಿಡಿಯುವ ಔಷಧಿ ಯಾವುದಪ್ಪಾ ಎಂದುಕೊಂಡೆ. ಅವಳು ಹೋಗಿದ್ದದ್ದು ಡಾಕ್ಟರ ಹತ್ತಿರ ಅಲ್ಲ, ರೈಲ್ವೆ ಸಾಹೇಬರ ಹತ್ತಿರ!

"ಸೀದಾ ಹೋಗಿ ಬೀಗದ ಕೈ ಮೇಜಿನ ಮೇಲಿಟ್ಟೆ ಅಕ್ಕ. ನನಗೆ ಬೇಡ, ತಗೊಂಡುಬಿಡಿ ಅಂದೆ. ಅವರು ಹಾವು ನೋಡಿದ ಹಾಗೆ ಕುರ್ಚಿ ಹಿಂದಕ್ಕೆ ಎಳ್ಕೊಂಡ್ರು. ಇದನ್ನ ಮುಟ್ಟಿದ್ರೆ ನನ್ನ ಮೇಲೆ ನ್ಯಾಯಾಂಗ ನಿಂದನೆ ಆಗುತ್ತಮ್ಮಾ, ಎತ್ತಿಕೊಳ್ಳಿ ಮೊದಲು ಅಂದ್ರು."

"ಮತ್ತೆ ಇಷ್ಟು ಖುಷಿ ಯಾತಕ್ಕೆ?"

"ಆಮೇಲೆ ಕೂರಿಸಿ ನೀರು ಕೊಟ್ರು. ತುಂಬ ಒಳ್ಳೆಯವರು ಅಕ್ಕ, ನಾವು ಸುಮ್ನೆ ಬೈತಾ ಇದ್ವಿ. ನೀವು ಬಿಟ್ಟುಕೊಡ್ತೀನಿ ಅಂತ ಬರೆದುಕೊಡಿ, ನಮ್ಮ ವಕೀಲರು ಅದನ್ನ ಕೋರ್ಟಿಗೆ ಕೊಡ್ತಾರೆ, ದಂಡ ಬೇಡ ಅಂತ ನಾವೇ ಹೇಳ್ತೀವಿ ಅಂದ್ರು. ಅಲ್ಲೇ ಕೂತು ಬರೆದುಕೊಟ್ಟೆ."

"ನಮ್ಮ ವಕೀಲರಿಗೆ ಹೇಳಿದ್ಯಾ?"

"ಅವರಿಗೆ ಯಾಕೆ? ಜಗಳ ಇದ್ದದ್ದು ನನಗೂ ರೈಲ್ವೆಗೂ. ನಾವಿಬ್ಬರೂ ಒಪ್ಪಿಕೊಂಡ್ವಿ. ಇನ್ನು ವಕೀಲರಿಗೇನು ಕೆಲಸ?"

ಅವಳು ಹೇಳಿದ್ದು ನನಗೂ ಸರಿ ಎನಿಸಿತು. ಯಾರಿಗೆ ತಾನೇ ಅನಿಸುವುದಿಲ್ಲ? ಜಗಳವಾಡಿದ ಇಬ್ಬರು ರಾಜಿಯಾದರೆ ಅಲ್ಲಿಗೆ ಮುಗಿಯಿತು ಎಂದು ನಾವು ಮನೆಯಲ್ಲಿ, ಬೀದಿಯಲ್ಲಿ ನೋಡಿದ್ದೇವೆ. ಅದೂ ಅಲ್ಲದೆ ವಕೀಲರ ಕಿರುಚಾಟಕ್ಕೆ ಅವಳಿಗೆ ಹೆದರಿಕೆ. ಆ ವಾರವೆಲ್ಲ ಅತ್ತಿಗೆ ಸ್ಟಾಲಿನಲ್ಲಿ ನಿಂತೇ ನೂರು ಜನರ ಊಟಕ್ಕೆ ಎಷ್ಟು ಅಕ್ಕಿ, ಎಷ್ಟು ಬೇಳೆ ಎಂದು ಮೇಟ್ರನ್ನಿನ ಹತ್ತಿರ ಕೇಳಿ ಬಾಯಿಪಾಠ ಮಾಡಿದಳು. ನನ್ನ ಹತ್ತಿರ ಎರಡು ಏಪ್ರನ್ನು ಹೊಲಿಸಿಕೊಂಡಳು. "ಜೇಬು ದೊಡ್ಡದಿರಲಿ ಅಕ್ಕ" ಎಂದಳು. "ಏನು ತುಂಬ್ಕೊಂಡು ಬರ್ತೀಯೆ ಆಸ್ಪತ್ರೆಯಿಂದ, ಮಾತ್ರೆನಾ?" ಎಂದು ಕೆಣಕಿದೆ. ಹಳೆಯ ಕಾಲದ ಹಾಗೆ ನಕ್ಕಳು.

ಕೇಸು ಕೂಗುವ ದಿನ ನಮ್ಮ ಮನೆಯವರನ್ನು ಸ್ಟಾಲಿನಲ್ಲಿ ನಿಲ್ಲಿಸಿ ನಾವಿಬ್ಬರೂ ಕೋರ್ಟಿಗೆ ಹೋದೆವು. ಎತ್ತರದ ಚಾವಣಿ, ಕಿರುಗುಟ್ಟುವ ಫ್ಯಾನು, ಕರಿಕೋಟುಗಳ ಗಿಜಿಗಿಜಿ. ನಾವು ಹಿಂದಿನ ಬೆಂಚಿನಲ್ಲಿ ಕೂತೆವು. ಸಾಹೇಬರೂ ಬಂದಿದ್ದರು, ಅತ್ತಿಗೆ ಅವರಿಗೆ ಕೈಮುಗಿದಳು. ಕೇಸು ಗೆಲ್ಲಲಿ ಎಂದು ಬಂದವರ ನಡುವೆ, ಸೋಲಲಿ ಎಂದು ಬಂದವರು ಬಹುಶಃ ನಾವಿಬ್ಬರೇ.

ಸರದಿ ಬಂತು. ರೈಲ್ವೆ ವಕೀಲರು ಎದ್ದು, ಅರ್ಜಿದಾರರೇ ಸ್ಟಾಲ್ ಬಿಟ್ಟುಕೊಡಲು ಒಪ್ಪಿ ಬರೆದುಕೊಟ್ಟಿದ್ದಾರೆ ಎಂದು ಕಾಗದ ಮುಂದಿಟ್ಟರು. ನಮ್ಮ ವಕೀಲರು ತಿರುಗಿ ಅತ್ತಿಗೆಯನ್ನು ನೋಡಿದರು. ಆ ಮುಖ ನನಗೆ ಮರೆಯುವುದಿಲ್ಲ. ಪರೀಕ್ಷೆಯ ದಿನ ಪುಸ್ತಕ ಕಸಿದುಕೊಂಡರೆ ಮಕ್ಕಳ ಮುಖ ಹೇಗಾಗುತ್ತದೋ ಹಾಗಾಗಿತ್ತು. ಮರುಗಳಿಗೆಯಲ್ಲೇ ಸಿಡಿದರು.

"ಸ್ವಾಮಿ, ನನ್ನ ಕಕ್ಷಿದಾರರು ಒಬ್ಬ ವಿಧವೆ. ನನಗೆ ತಿಳಿಸದೆ ಇವರನ್ನು ಕಚೇರಿಗೆ ಕರೆಸಿಕೊಂಡು ಬರೆಸಿಕೊಂಡಿದ್ದಾರೆ. ರೈಲು ಆ ಕಡೆಗೆ ತಿರುಗಿಸಿದರು, ತಗಡು ಹಾಕಲು ಬಿಡಲಿಲ್ಲ, ಈಗ ಇದು!"

ನ್ಯಾಯಾಧೀಶರು ವಯಸ್ಸಾದವರು, ಮೃದು ಮುಖ. ಕಾಗದವನ್ನು ಎರಡು ಸಲ ಓದಿದರು. ಅತ್ತಿಗೆಯನ್ನು ಮುಂದೆ ಕರೆದರು. ಅವಳು ಸೆರಗು ಸರಿಮಾಡಿಕೊಂಡು ಹೋಗಿ ನಿಂತಳು.

"ಇದನ್ನು ಎಲ್ಲಿ ಬರೆದಿರಮ್ಮಾ?"

"ಸಾಹೇಬರ ಆಫೀಸಲ್ಲಿ ಸ್ವಾಮಿ. ಅವರದ್ದೇನೂ ತಪ್ಪಿಲ್ಲ, ತುಂಬ ಒಳ್ಳೆಯವರು. ನಾನೇ ಎದ್ದು ಹೋಗ್ತೀನಿ ಅಂದೆ. ದಂಡ ಒಂದು ಹಾಕದೆ ಇದ್ರೆ ಸಾಕು."

"ದಂಡ ಹಾಕುತ್ತೇವೆ ಅಂತ ನಿಮಗೆ ಯಾರು ಹೇಳಿದರು?"

ಅತ್ತಿಗೆ ಬಾಯಿ ತೆರೆದಳು. ನಮ್ಮ ವಕೀಲರು ಪಕ್ಕದಲ್ಲೇ ನಿಂತಿದ್ದರು, ಬೆವರಿ, ಕೋಟಿನ ಗುಂಡಿ ಹಿಡಿದುಕೊಂಡು. ಇಷ್ಟು ವರ್ಷ ತನಗಾಗಿ ದುಡಿದ ಮನುಷ್ಯನ ಕಡೆ ಎಲ್ಲರ ಮುಂದೆ ಬೆರಳು ತೋರಿಸುವುದು ಹೇಗೆ? ಅವಳಿಗೆ ಹುಟ್ಟಿದಾಗಿನಿಂದ ಅದು ಬರುವುದಿಲ್ಲ. ಹೇಳೇ, ವಕೀಲರೇ ಹೇಳಿದ್ದು ಅನ್ನೇ, ಎಂದು ಕೂಗಲು ನಾನು ಹಿಂದಿನಿಂದ ಎದ್ದುನಿಂತೆ. ಕೋರ್ಟಿನ ದಲಾಯತ ನನ್ನ ಭುಜ ಒತ್ತಿ ಕೂರಿಸಿ, ಬಾಯಿಗೆ ಬೆರಳಿಟ್ಟು ಕಣ್ಣು ಬಿಟ್ಟ.

"ಹಾಗೇ... ಎಲ್ಲರೂ ಹೇಳ್ತಾರೆ ಸ್ವಾಮಿ" ಎಂದಳು ಅತ್ತಿಗೆ. ಯಾರಾದರೂ ಮಾತು ಮುಂದುವರಿಸಲಿ ಎಂದು ಆಸರೆಗೆ ಸಾಹೇಬರ ಮುಖ ನೋಡಿದಳು.

ನ್ಯಾಯಾಧೀಶರೂ ಅವಳ ನೋಟದ ಹಿಂದೆಯೇ ಸಾಹೇಬರ ಮುಖ ನೋಡಿದರು. ಅವರ ಹುಬ್ಬು ಗಂಟಾಯಿತು.

"ನನಗೆ ಬೇರೆ ಕೆಲಸ..." ಎಂದು ಅತ್ತಿಗೆ ಶುರುಮಾಡಿದಳು. ನಮ್ಮ ವಕೀಲರು ಅವಳ ಮಾತಿನ ಮೇಲೆ ಬಿದ್ದು, "ಅಮ್ಮಾ, ನೀವು ಹೆದರಬೇಡಿ, ಸುಮ್ಮನಿರಿ" ಎಂದರು. ನ್ಯಾಯಾಧೀಶರು ಕೂಡ ಕೈಯೆತ್ತಿ, "ಸಾಕಮ್ಮಾ, ನನಗೆ ಅರ್ಥವಾಯಿತು. ಹೋಗಿ ಕೂತ್ಕೊಳ್ಳಿ. ನಿಮ್ಮನ್ನು ಯಾರೂ ಏನೂ ಮಾಡುವುದಿಲ್ಲ" ಎಂದರು. ಅಷ್ಟು ಅಕ್ಕರೆಯಿಂದ ಹೇಳಿದರು. ಬೈದಿದ್ದರೆ ಅತ್ತಿಗೆ ಇನ್ನೆರಡು ಮಾತು ಆಡುತ್ತಿದ್ದಳೋ ಏನೋ. ಅಕ್ಕರೆಗೆ ಎದುರಾಡುವುದು ಅವಳಿಗೆ ಗೊತ್ತಿಲ್ಲ. ಕೈಮುಗಿದು ಬಂದು ಕೂತಳು.

ಆದೇಶವನ್ನು ಅಲ್ಲೇ ಹೇಳಿ ಬರೆಸಿದರು. ಒತ್ತಡದಲ್ಲಿ ಬರೆಸಿಕೊಂಡಂತೆ ಕಾಣುವ ಆ ಕಾಗದವನ್ನು ಪರಿಗಣಿಸುವುದಿಲ್ಲ. ರೈಲ್ವೆಯ ಯಾವ ಅಧಿಕಾರಿಯೂ ಅರ್ಜಿದಾರರನ್ನು ಕರೆಸಕೂಡದು, ಅವರಿಂದ ಏನನ್ನೂ ಬರೆಸಿಕೊಳ್ಳಕೂಡದು. ಅವಧಿ ಮುಗಿದ ಲೈಸೆನ್ಸುದಾರರ ಹಕ್ಕಿನ ಪ್ರಶ್ನೆ ಮಹತ್ವದ್ದಾದ್ದರಿಂದ ಅದನ್ನು ದೊಡ್ಡ ಪೀಠ ತೀರ್ಮಾನಿಸಲಿ. ಅಲ್ಲಿಯವರೆಗೆ ಯಥಾಸ್ಥಿತಿ. ದಿನಾಂಕ ಹೇಳಲಿಲ್ಲ. ದೊಡ್ಡ ಪೀಠ ಕೂತಾಗ ಕೂತೀತು.

ಹೊರಗಿನ ಕಂಬದ ಹತ್ತಿರ ವಕೀಲರು ಓಡಿಬಂದರು. ಕೋಪವೆಲ್ಲ ಇಳಿದು ಕಣ್ಣಲ್ಲಿ ನೀರಾಡುತ್ತಿತ್ತು. "ನನಗೆ ಹೇಳದೆ ಎಂಥ ಕೆಲಸ ಮಾಡಿದ್ರಮ್ಮಾ! ಆದ್ರೂ ಎಲ್ಲ ಒಳ್ಳೇದಕ್ಕೇ ಆಯ್ತು. ಇನ್ಮೇಲೆ ನಿಮ್ಮನ್ನ ಅಲ್ಲಿಂದ ಯಾರೂ ಕದಲಿಸೋಕಾಗಲ್ಲ!"

ನನ್ನ ಮೈಯೆಲ್ಲ ಉರಿದುಹೋಯಿತು. "ದಂಡ ಅಂತ ಹೆದರಿಸಿದೋರು ನೀವು ಸಾರ್! ನಿಮ್ಮ ಮರ್ಯಾದೆ ಉಳಿಸೋಕೆ ಅವಳು ಬಾಯಿ ಮುಚ್ಕೊಂಡ್ಲು. ಸಾಹೇಬರ ತಲೆ ಮೇಲೆ ಬಂತು. ನೀವಾದ್ರೂ ಎದ್ದು ಹೇಳಬಾರದಿತ್ತಾ?"

ಅವರು ನಿಜವಾಗಿಯೂ ಕಕ್ಕಾಬಿಕ್ಕಿಯಾದರು. "ನಾನು ಹೆದರಿಸಲಿಲ್ಲಮ್ಮಾ, ಕಾನೂನು ಹೇಳಿದೆ. ಅದು ನನ್ನ ಕರ್ತವ್ಯ" ಎಂದರು. ನಾನು ಬಾಯಿಗೆ ಬಂದ ಹಾಗೆ ಬೈದೆ, ಅಲ್ಲಿದ್ದ ಕಕ್ಷಿದಾರರೆಲ್ಲ ತಮ್ಮ ಸಂಕಟ ಮರೆತು ನೋಡಿದರು. ಸಾಹೇಬರು ನಮ್ಮನ್ನು ಕಂಡವರೇ ಕರ್ತವ್ಯಲೋಪವಾಗದಂತೆ ಮುಖ ತಿರುಗಿಸಿಕೊಂಡು ಬೇರೆ ಬಾಗಿಲಿನಿಂದ ಹೋದರು. ಮಾತಾಡಿಸುವ ಹಾಗಿರಲಿಲ್ಲವಲ್ಲ. ಅತ್ತಿಗೆ ನನ್ನ ಕೈ ಎಳೆದು, "ನಡಿ ಅಕ್ಕ, ಭಾವ ಅಲ್ಲಿ ಒಬ್ಬರೇ ಇದ್ದಾರೆ" ಎಂದಳು. ದಾರಿಯುದ್ದಕ್ಕೂ ಅವಳು ಅಳಲಿಲ್ಲ. ನಾನೇ ಬಸ್ಸಿನಲ್ಲಿ ಕೂತು ಅತ್ತೆ, ಜೋರಾಗಿಯೇ ಅತ್ತೆ.

ಮರುದಿನ ಬೆಳಿಗ್ಗೆ ನಾನೂ ಅವಳ ಜೊತೆ ಸ್ಟಾಲಿಗೆ ಹೋದೆ, ಒಬ್ಬಳನ್ನೇ ಬಿಡಲು ಮನಸ್ಸಾಗಲಿಲ್ಲ. ಎದುರಿಗೆ ಸಿಮೆಂಟಿನ ಗಾಡಿ ನಿಂತಿತ್ತು. ಅವಳು ಒಲೆ ಹಚ್ಚಿದಳು. ಮೇಲ್ಸೇತುವೆಯಲ್ಲಿ ಬಿಳಿ ಸೀರೆ, ಕಪ್ಪು ಕೊಡೆ ಕಂಡಿತು. ಮೇಟ್ರನ್ನು ಇಳಿದು ಬರುವಷ್ಟರಲ್ಲಿ ಅತ್ತಿಗೆ ಟೀ ಸೋಸಿ ಕಟ್ಟೆಯ ಮೇಲಿಟ್ಟಿದ್ದಳು.

"ನಿನ್ನೆ ಕೋರ್ಟಿತ್ತಲ್ಲಮ್ಮ, ಏನಾಯ್ತು?" ಮೇಟ್ರನ್ನು ಲೋಟ ಎತ್ತಿಕೊಂಡರು. "ಯಾವತ್ತಿಂದ ಬರ್ತೀಯ?"

ಅತ್ತಿಗೆ ಕಟ್ಟೆ ಒರೆಸುತ್ತಿದ್ದ ಬಟ್ಟೆಯನ್ನು ಹಿಂಡಿ ಮಡಚಿಟ್ಟಳು.

"ಬರೋಕಾಗಲ್ಲ ಮೇಡಂ" ಎಂದಳು. "ನಾನು ಗೆದ್ದುಬಿಟ್ಟೆ."